ಅಕ್ಕನ ಬುಟ್ಟಿಗೆ ನನ್ನ ಬೇರಿಕಾಯಿ

ಈಚೆಗೆ ನನಗೆ ಸ್ವಲ್ಪ ಜಂಭ ಬಂದಿದೆ. ಬೇರೆಯವರು ಆಡಿಕೊಳ್ಳುವ ಮೊದಲು ನಾನೇ ಹೇಳಿಬಿಡುವುದು ವಾಸಿ. ಶಿಡ್ಲಘಟ್ಟದ ನಮ್ಮ ಮನೆಯ ಹಿತ್ತಲಲ್ಲಿ, ಬಟ್ಟೆ ಒಗೆಯುವ ಕಲ್ಲಿನ ಪಕ್ಕ, ಒಂದು ಬೇರಿಕಾಯಿ ಮರ ಇದೆ. ಅಂಗಡಿಗಳಲ್ಲಿ ಪೇರ್ ಅನ್ನುತ್ತಾರಲ್ಲ, ಅದೇ. ಅದರ ಕಾಯನ್ನು ಯಾವಾಗ ಕೀಳಬೇಕು ಎಂಬುದು ಇಡೀ ಬೀದಿಯಲ್ಲಿ ನನಗೊಬ್ಬಳಿಗೇ ಗೊತ್ತು. ಇಡೀ ಬೀದಿಯಲ್ಲಿ ಬೇರಿಮರ ಇರುವುದೂ ನಮ್ಮ ಮನೆಯಲ್ಲೇ ಒಂದು, ಅದು ಬೇರೆ ಮಾತು.

ಈ ಜಂಭ ನಿಮಗೆ ಅರ್ಥವಾಗಬೇಕಾದರೆ ನನ್ನ ಅಕ್ಕನ ಪರಿಚಯ ಆಗಬೇಕು. ಅವಳನ್ನು ಚಿಂತಾಮಣಿಗೆ ಕೊಟ್ಟಿದೆ. ಅವರದು ಮಾವಿನ ತೋಪು. ಪ್ರತಿ ಬೇಸಿಗೆಯಲ್ಲೂ ಒಂದು ದೊಡ್ಡ ಬುಟ್ಟಿ ಮಾವು ಬಸ್ಸು ಹತ್ತಿ ನಮ್ಮ ಮನೆಗೆ ಬರುತ್ತದೆ. ಹಿಂದೆಯೇ ಫೋನಿನಲ್ಲಿ ಉಪದೇಶವೂ ಬರುತ್ತದೆ. "ಮೊಣಕೈವರೆಗೂ ರಸ ಇಳೀಬೇಕು ಕಣೇ, ಅದು ಹಣ್ಣು ಅಂದ್ರೆ. ಮಿಕ್ಕಿದ್ದೆಲ್ಲ ತರಕಾರಿ." ಶ್ರಾವಣದಲ್ಲಿ ವರಮಹಾಲಕ್ಷ್ಮಿ ಹಬ್ಬಕ್ಕೆ ಬಂದಾಗ ಅಕ್ಕ ತನ್ನ ಬುಟ್ಟಿಯನ್ನು ವಾಪಸು ಒಯ್ಯುತ್ತಾಳೆ. ತುಂಬಿ ಬಂದ ಬುಟ್ಟಿಯನ್ನು ಬರಿದಾಗಿ ಕಳಿಸಬಾರದಲ್ಲ, ನಾನು ಅಂಗಡಿಯಿಂದ ತಂದ ಎರಡು ಅಚ್ಚು ಬೆಲ್ಲ ಇಡುತ್ತಿದ್ದೆ. "ಅಯ್ಯೋ, ಇದ್ಯಾಕೆ ತೊಂದ್ರೆ ತಗೊಂಡೆ" ಎನ್ನುತ್ತಿದ್ದಳು. ಎಷ್ಟು ಒಳ್ಳೆಯ ಮಾತು! ವರ್ಷವಿಡೀ ಚುಚ್ಚುತ್ತಿತ್ತು. ಒಂದೇ ಒಂದು ಸಲ, ನಮ್ಮ ಮಣ್ಣಿನಲ್ಲಿ ಬೆಳೆದದ್ದನ್ನು ಆ ಬುಟ್ಟಿಗೆ ತುಂಬಬೇಕು, ಅಕ್ಕನ ಬಾಯಲ್ಲಿ ಹಣ್ಣು ಎನ್ನಿಸಿಕೊಳ್ಳಬೇಕು ಎಂಬುದು ನನ್ನ ಹಟವಾಯಿತು.

ನಂದಿಬೆಟ್ಟದ ಕಡೆಯಿಂದ ಸಸಿ ತಂದು ನೆಟ್ಟೆ. ಅದು ನನ್ನ ತಾಳ್ಮೆಯನ್ನೆಲ್ಲ ಪರೀಕ್ಷಿಸಿ ಕೊನೆಗೊಂದು ವರ್ಷ ಕಾಯಿ ಬಿಟ್ಟಿತು. ಆದರೆ ನನ್ನದು ಮಾವು ತಿಂದು ಬೆಳೆದ ಬುದ್ಧಿ. ಮಾವಿನಲ್ಲಿ ಒಂದು ಹಣ್ಣು ತಾನಾಗಿ ಉದುರಿದರೆ ಕೊಯ್ಲಿಗೆ ಮರವೇ ಅಪ್ಪಣೆ ಕೊಟ್ಟಂತೆ. ಬೇರಿಕಾಯಿಯೂ ಹಾಗೇ ಎಂದು ಕಾದೆ. ಕಾಯೆಲ್ಲ ಹಳದಿಗೆ ತಿರುಗಿ ಒಂದು ಉದುರಿದ ಮೇಲೆ ಕಿತ್ತು, ಹಬ್ಬದ ದಿನ ಕಳಶದ ಮುಂದೆ ಇಟ್ಟೆ. ಪೂಜೆಯಾದ ಮೇಲೆ ಅಕ್ಕ ಒಂದನ್ನು ಹೆಚ್ಚಿದಳು. ಹೊರಗೆ ಚಿನ್ನ, ಒಳಗೆ ಕಂದು ರಾಡಿ.

"ಏನೇ ಇದು, ಹುಣಸೆಹಣ್ಣು ಕಿವುಚಿ ತುಂಬಿದೀಯಾ?"

ಆ ವರ್ಷವೂ ಬುಟ್ಟಿಯಲ್ಲಿ ಬೆಲ್ಲವೇ ಹೋಯಿತು.

ಮರುವರ್ಷ ಪಕ್ಕದ ಮನೆಯ ರಹೀಮ್ ಸಾಹೇಬರು ಸಲಹೆಗೆ ನಿಂತರು. ಅವರದು ರೇಷ್ಮೆ ನೂಲು ತೆಗೆಸುವ ಕಸುಬು. ನಮ್ಮೂರಲ್ಲಿ ರೇಷ್ಮೆಗೂಡು ಹದಕ್ಕೆ ಬಂದಿದೆಯೇ ಎಂದು ನೋಡುವುದು ಕಿವಿಯಿಂದ: ಗೂಡನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದರೆ ಒಳಗಿನ ಹುಳ ಗಟ್ಟಿಯಾಗಿ ಸದ್ದು ಮಾಡಬೇಕು. ಸಾಹೇಬರು ಕಾಂಪೌಂಡಿನ ಆಚೆಯಿಂದ ಕೈ ಚಾಚಿ ಒಂದು ಬೇರಿಕಾಯಿ ಕಿತ್ತು, ಕಿವಿಗೆ ಹಿಡಿದು, ಕಣ್ಣು ಮುಚ್ಚಿ ಅಲ್ಲಾಡಿಸಿದರು. "ಆಗಿದೆ ಅಮ್ಮಾ, ಬಿಡಿಸ್ಬಿಡಿ. ಇನ್ನೂ ಬಿಟ್ರೆ ಚಿಟ್ಟೆ ಆಗಿ ಹಾರ್ಹೋಗುತ್ತೆ!" ಅವರು ಹೇಳಿದ್ದು ತಮಾಷೆಗೆ, ನಾನು ಕಿತ್ತದ್ದು ನಿಜಕ್ಕೆ. ಬಲಿಯದ ಕಾಯೆಲ್ಲ ಮೊರದಲ್ಲಿ ಕೂತು ಸುಕ್ಕಾದವೇ ಹೊರತು ಹಣ್ಣಾಗಲಿಲ್ಲ. ಅಕ್ಕ ಒಂದು ತುಂಡು ಅಗಿದು, ಬಹಳ ಕರುಣೆಯಿಂದ, "ಪರ್ವಾಗಿಲ್ಲ ಕಣೇ, ಸಾಂಬಾರಿಗೆ ಹಾಕ್ಬಹುದು" ಎಂದಳು.

ಈ ವರ್ಷ ಯಾರ ಮಾತನ್ನೂ ಕೇಳುವುದಿಲ್ಲ ಎಂದು ತೀರ್ಮಾನಿಸಿದೆ. ಎದ್ದವಳೇ ಮರದ ಬಳಿ ಹೋಗಿ ನಿಲ್ಲುವುದು, ಒಂದೊಂದು ಕಾಯನ್ನೂ ಮುಟ್ಟುವುದು. "ಮರಕ್ಕೇನು ಜ್ವರಾನಾ?" ಎಂದು ನಮ್ಮ ಯಜಮಾನರು ಕೇಳಿದರು. ಒಂದು ಬೆಳಗ್ಗೆ, ಹುಳ ಬಿದ್ದಿದೆಯೇ ನೋಡೋಣವೆಂದು ಜೋತಾಡುತ್ತಿದ್ದ ಕಾಯೊಂದನ್ನು ಅಂಗೈಯಲ್ಲಿ ಹಿಡಿದು ಮೆಲ್ಲಗೆ ಅಡ್ಡಕ್ಕೆ ಎತ್ತಿದೆ. ಟಕ್ಕೆಂದು ತೊಟ್ಟಿನ ಸಮೇತ ಕೈಗೆ ಬಂತು! ಎಳೆದಿರಲಿಲ್ಲ, ತಿರುಚಿರಲಿಲ್ಲ. ಪಕ್ಕದ್ದನ್ನೂ ಹಾಗೇ ಎತ್ತಿದೆ. ಅದು ಜಪ್ಪಯ್ಯ ಅನ್ನಲಿಲ್ಲ. ಬಂದದ್ದನ್ನು ಅಕ್ಕಿ ಡಬ್ಬದಲ್ಲಿ ಹೂತಿಟ್ಟು ದಿನಾ ನೋಡಿದೆ. ಹೊಟ್ಟೆ ಗಟ್ಟಿಯಾಗಿಯೇ ಇತ್ತು, ತೊಟ್ಟಿನ ಬುಡದ ಕತ್ತು ಮಾತ್ರ ಒಂದು ದಿನ ಬೆರಳಿಗೆ ಮೆತ್ತಗೆ ಸಿಕ್ಕಿತು. ಹೆಚ್ಚಿದರೆ ಬೆಣ್ಣೆ! ನಿಂತಲ್ಲೇ ತಿಂದು ಮುಗಿಸಿದೆ, ಯಜಮಾನರಿಗೂ ಕೊಡಲಿಲ್ಲ.

ಬೇರಿಕಾಯಿ ಒಳಗಿನಿಂದ ಹೊರಕ್ಕೆ ಮಾಗುತ್ತದೆ. ಮಾಗಿದ್ದು ಹೊರಗೆ ಕಾಣುವ ಹೊತ್ತಿಗೆ ಒಳಗೆ ಎಲ್ಲ ಮುಗಿದಿರುತ್ತದೆ. ಆದ್ದರಿಂದ ಗಟ್ಟಿಯಿರುವಾಗಲೇ, ಅಡ್ಡಕ್ಕೆ ಎತ್ತಿದರೆ ತಾನಾಗಿ ಕಳಚುವ ಹದದಲ್ಲಿ ಬಿಡಿಸಿ ಮನೆಯಲ್ಲಿ ಹಣ್ಣು ಮಾಡಬೇಕು. ತೋಟಗಾರಿಕೆ ಬಲ್ಲವರಿಗೆ ಇದು ಮೊದಲಿನಿಂದಲೂ ಗೊತ್ತಿತ್ತಂತೆ. ಇರಲಿ. ನನಗೆ ಯಾರೂ ಹೇಳಿರಲಿಲ್ಲ, ಹಾಗಾಗಿ ಕಂಡುಹಿಡಿದವಳು ನಾನೇ.

ಮರಕ್ಕೆ ಪಂಚಾಂಗ ಗೊತ್ತಿಲ್ಲ; ಉಳಿದ ಕಾಯಿಗಳು ಕೈಗೆ ಬಂದದ್ದು ಹಬ್ಬ ಇನ್ನೇನು ಬಂತು ಎನ್ನುವಾಗ, ಹಣ್ಣಾಗಲು ದಿನ ಉಳಿದಿರಲಿಲ್ಲ. ಹಸಿರು ಹಸಿರಾಗಿದ್ದ ಅವುಗಳನ್ನೇ ಅಕ್ಕನ ಬುಟ್ಟಿಗೆ ತುಂಬಿದೆ. ಅವಳು ಒಂದನ್ನು ಎತ್ತಿ ಗೋಡೆಗೆ ತಟ್ಟಿ ನೋಡಿದಳು.

"ಕಲ್ಲು ಹೊರಿಸಿ ಕಳಿಸ್ತಿದೀಯಲ್ಲೇ!"

"ಇವತ್ತು ತಿನ್ಬೇಡ. ಅಕ್ಕಿಯಲ್ಲಿಡು. ದಿನಾ ಕತ್ತು ಒತ್ತಿ ನೋಡಿ ಫೋನ್ ಮಾಡು. ನಾನು ಹೇಳಿದ್ ದಿನ ತಿನ್ನು" ಎಂದೆ. ಇಷ್ಟು ಗಡಸು ದನಿ ನನ್ನಲ್ಲಿದೆ ಎಂದು ನನಗೇ ಗೊತ್ತಿರಲಿಲ್ಲ. ಅಕ್ಕ ಬುಟ್ಟಿ ಎತ್ತಿಕೊಂಡು ಬಸ್ಸು ಹತ್ತಿದಳು.

ಹೊರಗೆ ಗಡಸು, ಒಳಗೆ ಪುಕಪುಕ. ಈ ಸಲವೂ ಕೆಟ್ಟರೆ ಮುಖ ತೋರಿಸುವುದು ಹೇಗೆ? ಅದೇ ಯೋಚನೆಯಲ್ಲಿ ಸಾರಿಗೆ ಉಪ್ಪು ಎರಡು ಸಲ ಬಿತ್ತು. ಅಕ್ಕ ಮಾತ್ರ ತಪ್ಪದೆ ಫೋನ್ ಮಾಡಿದಳು. "ಮೊಣಕಾಲು ಚಿಪ್ಪಿನ ಥರ ಇದೆ ಕಣೇ." ಬೇಡ ಎಂದೆ. "ಮೂಗಿನ ತುದಿ ಥರ." ಇನ್ನೂ ಬೇಡ. ಕೊನೆಗೊಂದು ದಿನ, "ಕಿವಿ ಹಾಲೆ ಥರ ಆಗಿದೆ. ತಿನ್ಲಾ?" ಎಂದು ಕೇಳಿದಳು.

ಹುಟ್ಟಿದಾಗಿನಿಂದ ಅಕ್ಕನ ಅಪ್ಪಣೆ ಕೇಳಿಕೊಂಡು ಬೆಳೆದವಳು ನಾನು. ಅವಳು ನನ್ನ ಅಪ್ಪಣೆಗೆ ಕಾದದ್ದು ಅದೇ ಮೊದಲು. ಇನ್ನೊಂದು ದಿನ ಕಾಯಿಸೋಣ ಎನ್ನುವ ದುರ್ಬುದ್ಧಿಯೂ ಬಂತು. ಆದರೆ ಬೇರಿಕಾಯಿಯ ಹಾಗೆ ಜಂಭಕ್ಕೂ ಒಂದು ಹದ ಇದೆ, ದಾಟಿದರೆ ಅದೂ ಒಳಗೊಳಗೇ ಕೆಡುತ್ತದೆ. "ತಿನ್ನು ಅಕ್ಕಾ" ಎಂದೆ.

ಆ ಕಡೆ ಕಚ್ಚಿದ ಸದ್ದು. ಆಮೇಲೆ ಹೀರಿದ ಸದ್ದು. ಆಮೇಲೆ ಮತ್ತೆ ಹೀರಿದ ಸದ್ದು.

"ಅಕ್ಕಾ, ಹೇಗಿದೆ?"

"ಇರೇ, ಆಮೇಲ್ ಮಾಡ್ತೀನಿ" ಎಂದಳು. "ಮೊಣಕೈ ಒರೆಸ್ಕೋಬೇಕು."