ಹಾಲ್ಕಮ್ ವಕೀಲರ ಹಾಳೆಗೆ ಬಿದ್ದ ತೂತು

ಈ ಬೆಳಿಗ್ಗೆ ಅಕ್ಕಿ ಚೀಲದ ಬಾಯಿ ಬಿಚ್ಚಲು ಹೋಗಿ ದಾರವನ್ನು ತಪ್ಪು ತುದಿಯಿಂದ ಎಳೆದೆ. ನಿಮಗೂ ಗೊತ್ತಿರುತ್ತದೆ: ಸರಿಯಾದ ತುದಿ ಸಿಕ್ಕಿದರೆ ಸರ್ರನೆ ಬಿಚ್ಚಿಕೊಳ್ಳುವ ಹೊಲಿಗೆ, ತಪ್ಪು ತುದಿ ಹಿಡಿದರೆ ಗಂಟಾಗಿ ಬಿಗಿದು ಕೂರುತ್ತದೆ. ಗಂಟಿನೊಳಕ್ಕೆ ತೂರಿಸಲು ಏನಾದರೂ ಬೇಕೆಂದು ನನ್ನ ಹಳೆಯ ಸ್ಟೀಲ್ ಡಬ್ಬಿ ತೆಗೆದೆ. ಗುಂಡಿಗಳು, ದಾರದುಂಡೆಗಳು, ಅವುಗಳ ಅಡಿಯಲ್ಲಿ ಒಂದು ದಬ್ಬಳ. ಬೆರಳಿಗೆ ತಗುಲಿದೊಡನೆ ಕೈ ಹಿಂದಕ್ಕೆ ತೆಗೆದುಕೊಂಡೆ. ಇಷ್ಟು ವರ್ಷಗಳಾದ ಮೇಲೂ.

ನಾನು ಮಂಡ್ಯದ ಕೋರ್ಟಿನಲ್ಲಿ ಮೂವತ್ತೈದು ವರ್ಷ ರೆಕಾರ್ಡ್ ರೂಮು ನೋಡಿಕೊಂಡವನು. ತೀರ್ಪಾದ ಕಡತಗಳು ನನ್ನಲ್ಲಿಗೆ ಬರುತ್ತಿದ್ದವು. ಹಾಳೆಗಳನ್ನು ತಾರೀಕಿನಂತೆ ಜೋಡಿಸಿ, ಪುಟಸಂಖ್ಯೆ ಹಾಕಿ, ಎಡಮೂಲೆಗೆ ದಬ್ಬಳ ಚುಚ್ಚಿ, ದಾರ ಪೋಣಿಸಿ ಗಂಟು ಹಾಕುವುದು ನನ್ನ ಕೆಲಸ. ಚುಚ್ಚಿ ಹೊಲಿದ ಕಾಗದ ಕಳೆಯುವುದಿಲ್ಲ ಎಂಬುದು ನನಗೆ ವೇದವಾಕ್ಯ. ಮನೆಯಲ್ಲೂ ಹಾಗೆಯೇ. ಐದಕ್ಕೆ ಏಳುವುದು, ಎಂಟಕ್ಕೆ ತಿಂಡಿ, ಹತ್ತಕ್ಕೆ ಐದು ನಿಮಿಷವಿರುವಾಗ ಕುರ್ಚಿಯಲ್ಲಿ. ನನ್ನ ಹೆಂಡತಿ ಇದ್ದಷ್ಟು ದಿನವೂ ಹೇಳುತ್ತಿದ್ದಳು: "ನಿಮ್ಮನ್ನೂ ಯಾರಾದ್ರೂ ಒಂದು ಹೊಲಿಗೆ ಹಾಕಿ ಕಪಾಟಿನಲ್ಲಿ ಇಡಬೇಕು."

ನಿವೃತ್ತನಾಗಿ, ಅವಳೂ ಹೋದ ಮೇಲೆ, ಅಮೆರಿಕದ ಡಬ್ಲಿನ್‌ನಲ್ಲಿದ್ದ ಮಗಳು ಸುಧಾಳ ಮನೆಗೆ ಬಂದೆ. ಅವಳು ದಂತವೈದ್ಯರೊಬ್ಬರ ಆಫೀಸಿನಲ್ಲಿ ಕೆಲಸಕ್ಕಿದ್ದಳು. ಆಗ ಇಲ್ಲಿ ಎಲ್ಲರ ಬಾಯಲ್ಲೂ ಡಾಟ್ ಕಾಮ್. ಪಕ್ಕದೂರು ಸ್ಯಾನ್ ರಮೋನ್ ಕಡೆಗೆ ಹೋದರೆ ಪ್ರತಿ ವಾರ ಒಂದು ಹೊಸ ಬೋರ್ಡು. ಆ ಕಂಪನಿ ಏನು ಮಾಡುತ್ತದೆಂದು ಕೇಳಿದರೆ ಅಲ್ಲಿ ದುಡಿಯುವವರಿಗೂ ಅರ್ಧ ಗೊತ್ತು. ಎಂಟೂವರೆಗೆ ಮನೆ ಖಾಲಿ. ಹತ್ತಕ್ಕೆ ಐದು ನಿಮಿಷವಿರುವಾಗ ಕೂರಲು ನನಗೊಂದು ಕುರ್ಚಿ ಇರಲಿಲ್ಲ. ಅದು ಎಂಥ ಹಿಂಸೆ ಎಂಬುದು ಸರ್ಕಾರಿ ನೌಕರಿ ಮಾಡಿದವರಿಗೆ ಮಾತ್ರ ತಿಳಿಯುತ್ತದೆ.

ಬಸ್ಸಿನಲ್ಲಿ ಇಪ್ಪತ್ತು ನಿಮಿಷದ ದೂರದಲ್ಲಿ ಒಂದು ಹಳೆಯ ಊರು. ಅಲ್ಲೊಂದು ಮರದ ಮನೆ. ಊರ ಇತಿಹಾಸದ ಸಣ್ಣ ಸಂಗ್ರಹಾಲಯ. ಬಾಗಿಲಲ್ಲಿ "ಸ್ವಯಂಸೇವಕರು ಬೇಕು" ಎಂಬ ಚೀಟಿ. ನಡೆಸುತ್ತಿದ್ದವರು ಎಡ್ನಾ ಎಂಬ ಮುದುಕಿ, ಲೈಬ್ರರಿಯಲ್ಲಿ ಕೆಲಸ ಮಾಡಿ ನಿವೃತ್ತರಾದವರು. ನಾನು ಕೋರ್ಟಿನ ದಾಖಲೆ ಕಾಯುತ್ತಿದ್ದವನು ಎಂದೊಡನೆ ನನ್ನ ಎರಡೂ ಕೈ ಹಿಡಿದುಕೊಂಡರು. ಒಳಕೋಣೆಯ ಮೇಜಿನ ಮೇಲೆ ನಾಲ್ಕು ಪೆಟ್ಟಿಗೆಗಳಿದ್ದವು. ನೂರು ವರ್ಷಕ್ಕೂ ಹಿಂದೆ ಆ ಮನೆಯಲ್ಲೇ ಇದ್ದ ಆಸಾ ಹಾಲ್ಕಮ್ ಎಂಬ ವಕೀಲರ ಕಾಗದಗಳು.

ಆ ಮನುಷ್ಯನ ಬದುಕು ನನಗೆ ಎರಡೇ ವಾರದಲ್ಲಿ ನೆರೆಮನೆಯವನದಷ್ಟು ಪರಿಚಯವಾಯಿತು. ಚಿನ್ನ ಹುಡುಕಲು ಪೂರ್ವದಿಂದ ಬಂದವರು. ಚಿನ್ನ ಸಿಗಲಿಲ್ಲ, ಜ್ವರ ಸಿಕ್ಕಿತು. ಇನ್ನೊಬ್ಬ ವಕೀಲರ ಕೈಕೆಳಗೆ ಕೂತು ಕಾನೂನು ಓದಿಕೊಂಡರು. ಕೇಸುಗಳೆಲ್ಲ ನಮ್ಮ ಮಂಡ್ಯದವೇ ಎನ್ನಬೇಕು: ಬೇಲಿ ಮುರಿದ ದನ, ಬದು ಒತ್ತಿದ ನೆರೆಯವನು, ಬಾವಿ ನೀರಿನ ಜಗಳ. ಹಲ್ಲುನೋವಿನ ಉಪದ್ರವ ಬೇರೆ. ಊರಿನ ಕೌನ್ಸಿಲ್‌ಗೆ ಎರಡು ಸಲ ನಿಂತು ಸೋತು, ಮೂರನೆಯ ಸಲ ಗೆದ್ದರು. ಗೆದ್ದ ದಿನ ದಿನಚರಿಯಲ್ಲಿ ಬರೆದದ್ದು ಒಂದೇ ಸಾಲು: "ಕೊಟ್ಟಿಗೆಯ ಮಾಡು ಸೋರುತ್ತಿದೆ." ಅವರೂ ಬೆಳಿಗ್ಗೆ ಐದಕ್ಕೆ ಏಳುತ್ತಿದ್ದವರು. ನನಗೆ ಅವರ ಮೇಲೆ ಗೌರವ ಬರಲು ಅಷ್ಟೇ ಸಾಕಾಗಿತ್ತು.

ಒಂದೇ ಬೇಸರವೆಂದರೆ ಅವರ ಕಾಗದಗಳನ್ನು ಹೊಲಿದಿರಲಿಲ್ಲ. ರಿಬ್ಬನ್‌ನಲ್ಲಿ ಸುಮ್ಮನೆ ಸುತ್ತಿದ್ದ ಕಟ್ಟುಗಳು. ತಾರೀಕಿನ ಕ್ರಮವಿಲ್ಲ. ಎಡ್ನಾ ಮಂಡಿಯ ಆಪರೇಷನ್‌ಗೆಂದು ಎರಡು ವಾರ ರಜೆ ಹೋದಾಗ, ಬಂದು ನೋಡಿ ಸಂತೋಷಪಡಲಿ ಎಂದುಕೊಂಡು ಮನೆಯಿಂದ ದಬ್ಬಳ ಒಯ್ದೆ. ಬಿಚ್ಚುವ ಮುನ್ನ ಪ್ರತಿ ಕಟ್ಟಿನ ಹಾಳೆಗಳನ್ನೂ ಇದ್ದ ಕ್ರಮದಲ್ಲೇ ನನ್ನ ನೋಟ್‌ಬುಕ್ಕಿನಲ್ಲಿ ಪಟ್ಟಿ ಮಾಡಿದೆ, ಅದು ರೂಢಿ. ಆಮೇಲೆ ತಾರೀಕಿನಂತೆ ಜೋಡಿಸಿ, ಎಡಮೂಲೆಗೆ ಚುಚ್ಚಿ, ಮೊದಲ ಕಟ್ಟನ್ನು ಹೊಲಿದೆ. ಹದಿನಾಲ್ಕು ಹಾಳೆ. ಎಷ್ಟು ಚೆನ್ನಾಗಿ ಕಂಡಿತೆಂದರೆ ದೂರ ಹಿಡಿದು ನೋಡಿದೆ.

ಎರಡನೆಯ ಕಟ್ಟಿಗೆ ದಾರ ಸಾಲದೆ ಕಪಾಟು ತೆಗೆದಾಗ ಅಲ್ಲೊಂದು ಕೈಪಿಡಿ ಇತ್ತು. ಹಳೆಯ ಕಾಗದ ಕಾಪಾಡುವ ಬಗೆ. ಮೊದಲ ಪುಟದಲ್ಲಿ ಎರಡೇ ನಿಯಮ. ಬರೆದವನು ಇಟ್ಟ ಕ್ರಮ ಕೆಡಿಸಬೇಡಿ. ಏನೇ ಆದರೂ ಚುಚ್ಚಬೇಡಿ.

ದಾರ ಕಿತ್ತೆ. ನೋಟ್‌ಬುಕ್ ನೋಡಿಕೊಂಡು ಹಾಳೆಗಳನ್ನು ಮೊದಲಿದ್ದ ಕ್ರಮಕ್ಕೆ ತಂದೆ, ರಿಬ್ಬನ್ ಕಟ್ಟಿದೆ. ಕ್ರಮವೇನೋ ಮರಳಿತು. ಹದಿನಾಲ್ಕು ತೂತುಗಳನ್ನು ಏನು ಮಾಡಲಿ? ಮೂವತ್ತೈದು ವರ್ಷದಲ್ಲಿ ಒಂದು ಮೆಮೊ ತಗೊಂಡವನಲ್ಲ ನಾನು. ಪೆಟ್ಟಿಗೆ ಮುಚ್ಚಿದೆ. ಮನೆಗೆ ಬಂದು ಸುಧಾಳಿಗೆ ಹೇಳಿದೆ.

"ಅಯ್ಯೋ ಅಪ್ಪ, ಇದು ಮಂಡ್ಯ ಕೋರ್ಟ್ ಅಲ್ಲ! ಇಲ್ಲಿ ಇಷ್ಟಿಷ್ಟಕ್ಕೂ ಸೂ ಮಾಡಿ ಕೋರ್ಟಿಗೆ ಎಳೀತಾರೆ. ಯಾರೂ ನೋಡಿಲ್ಲ ತಾನೆ? ಸುಮ್ನೆ ಇದ್ಬಿಡಿ."

ಸುಮ್ಮನಿದ್ದೆ. ಎಡ್ನಾ ಊರುಗೋಲಿನೊಡನೆ ಮರಳಿದರು, ತೂತುಗಳನ್ನು ಕಂಡರು, "ಆ ಕಾಲದ ವಕೀಲರು ಕಾಗದಗಳನ್ನು ಮೊಳೆಗೆ ಸಿಕ್ಕಿಸುತ್ತಿದ್ದರು, ಪಾಪ" ಎಂದರು. ನಾನು ಹೂಂ ಎಂದೆ. ಅಲ್ಲಿಗೆ ಮುಗಿಯಿತೆಂದುಕೊಂಡೆ.

ಮುಗಿಯಲಿಲ್ಲ. ಪಕ್ಕದ ಜಾಗ ಕೊಂಡಿದ್ದ ಒಂದು ಇಂಟರ್‌ನೆಟ್ ಕಂಪನಿಗೆ ಕಾರು ನಿಲ್ಲಿಸಲು ಸ್ಥಳ ಬೇಕಾಯಿತು. ಊರಾಡಳಿತಕ್ಕೆ ಸೇರಿದ್ದ ಈ ಮನೆಯನ್ನು ಕೆಡವಲು ಅರ್ಜಿ ಹಾಕಿದರು. ವಿಚಾರಣೆಗೆ ಹತ್ತು ದಿನ. ಈ ಮನೆಯಲ್ಲಿ ಊರಿನ ಚರಿತ್ರೆಗೆ ಸೇರಿದ್ದೇನಾದರೂ ನಡೆದಿದೆ ಎಂದು ತೋರಿಸಿದರೆ ಮನೆ ಉಳಿಯಬಹುದಿತ್ತು. ಎಡ್ನಾ ಹಾಳೆ ಹಾಳೆ ಹುಡುಕಿದರು. ಸಿಕ್ಕಿತು. ಯಾವ ಕಟ್ಟಿನಲ್ಲಿ ಎಂದು ನೀವು ಕೇಳಬೇಕಾಗಿಯೇ ಇಲ್ಲ.

ಊರಿನ ಮುಖ್ಯ ಬೀದಿಯಿಂದ ಚೀನೀಯರ ಲಾಂಡ್ರಿಗಳನ್ನು ಎಬ್ಬಿಸಬೇಕೆಂದು ಕೌನ್ಸಿಲ್ ನಿರ್ಣಯ ಮಾಡಿದ ದಿನ ಹಾಲ್ಕಮ್ ಬರೆದಿದ್ದ ಹಾಳೆ ಅದು. "ಎಲ್ಲರೂ ಕೈ ಎತ್ತಿದರು, ನಾನೂ ಎತ್ತಿದೆ. ಲಾಂಡ್ರಿಯ ಮೂವರು ನಿನ್ನೆ ಈ ಮನೆಯ ಮುಂದಿನ ಕೋಣೆಯಲ್ಲಿ ಕುಳಿತು, ನನ್ನನ್ನು ನಂಬಿ ಎದ್ದು ಹೋಗಿದ್ದರು." ಮುಂದಿನ ಸಭೆಯಲ್ಲಿ ಹಾಲ್ಕಮ್ ಎದ್ದು ನಿಂತು, ತಾನು ಎತ್ತಿದ ಕೈ ತಪ್ಪು, ಹಾಗೆಂದು ಬರೆದುಕೊಳ್ಳಿ ಎಂದು ಕೇಳಿದರಂತೆ. ಬರೆದುಕೊಂಡರು. ಲಾಂಡ್ರಿಗಳು ಹೋದವು. ಮುಂದಿನ ಚುನಾವಣೆಯಲ್ಲಿ ಹಾಲ್ಕಮ್ ಕೂಡ ಹೋದರು.

ಆ ಹತ್ತು ದಿನ ನನಗೆ ಊಟ ಸೇರಲಿಲ್ಲ. ಹೇಳಿದರೆ ಹಾಳೆಯ ಮೇಲೇ ಅನುಮಾನ ಬಂದು ಮನೆ ಹೋಗುತ್ತದೆ. ಹೇಳದೆ ಬೇರೆಯವರೇ ಕಂಡುಹಿಡಿದರೆ ಎಡ್ನಾ ಸುಳ್ಳುಗಾರ್ತಿಯಾಗುತ್ತಾರೆ. ಪಾರ್ಕಿನಲ್ಲಿ ನನ್ನ ಜೊತೆ ನಡೆಯುತ್ತಿದ್ದ ಬಾಷಾ ಸಾಹೇಬರು ಹುಬ್ಬಳ್ಳಿಯವರು, ಟೇಲರ್ ಅಂಗಡಿ ಇಟ್ಟಿದ್ದವರು. ಅವರಿಗೆ ಎಲ್ಲ ಹೇಳಿದೆ. ಹೊಟ್ಟೆ ಹಿಡಿದುಕೊಂಡು ನಕ್ಕರು.

"ಅಲ್ರೀ, ಸತ್ತ ವಕೀಲ್ರ ಕಾಗದಾ ಹೊಲಿಯಾಕ ಏಳು ಸಮುದ್ರ ದಾಟಿ ಬಂದ್ರೇನು? ನನ್ನ ಕೇಳಿದ್ರ ಅಳತಿ ಆದ್ರೂ ತಗೊಂಡ್ ಹೊಲಿತಿದ್ದೆ!"

"ನಗಬೇಡಿ ಸಾಹೇಬ್ರೇ, ನಿದ್ದೆ ಬರ್ತಿಲ್ಲ ನನಗೆ."

ಅವರು ನಗು ನಿಲ್ಲಿಸಿದರು. "ನಲವತ್ತ ವರ್ಷ ಅರಿವಿ ಹೊಲ್ದೀನ್ರೀ. ತಪ್ಪ ಜಾಗಾಕ ಸೂಜಿ ಬಿದ್ರ ಗಿರಾಕಿಗೆ ನಾವಽ ಮೊದ್ಲ ತೋರಿಸಬೇಕು. ಅವ್ರಾಗಿ ಕಂಡ್ರಂದ್ರ ಅಂಗಡಿ ಹೋತಂತಽ ತಿಳ್ಕೋರಿ."

ವಿಚಾರಣೆಯ ದಿನ ದಬ್ಬಳವನ್ನೂ ಆ ನೋಟ್‌ಬುಕ್ಕನ್ನೂ ಕೋಟಿನ ಜೇಬಿಗೆ ಹಾಕಿಕೊಂಡು ಹೊರಟೆ, ಎಡ್ನಾ ಕೈಗೆ ಕೊಟ್ಟು ಹೇಳಿಬಿಡೋಣವೆಂದು. ಅವರ ಕಾರಿನಲ್ಲಿ ಹೇಳಲಾಗಲಿಲ್ಲ. ಮೆಟ್ಟಿಲ ಮೇಲೆ ಹೇಳಲಾಗಲಿಲ್ಲ. ಒಳಗೆ ಕಂಪನಿಯ ವಕೀಲ ಹಾಳೆಯನ್ನು ಬೆಳಕಿಗೆ ಹಿಡಿದ. ಚುರುಕಾದ ಹುಡುಗ. ನನಗೆ ಒಳಗೊಳಗೇ ಮೆಚ್ಚುಗೆಯಾಯಿತು.

"ಕಾಗದ ಹಳದಿ. ತೂತಿನ ಅಂಚು ಮಾತ್ರ ಬಿಳಿ. ಈ ಹಾಳೆ ಎಲ್ಲಿಂದ ಬಂದು ಇದರಲ್ಲಿ ಸೇರಿತು? ಇತ್ತೀಚೆಗೆ ಯಾರು ಮುಟ್ಟಿದ್ದಾರೆ?"

ಎಡ್ನಾ ಊರುಗೋಲು ಊರಿ ನೆಟ್ಟಗೆ ನಿಂತರು. "ನಾನು, ಮತ್ತು ಅಲ್ಲಿ ಕುಳಿತಿರುವ ಆ ಹಿರಿಯರು. ಮೂವತ್ತೈದು ವರ್ಷ ಕೋರ್ಟಿನ ಕಾಗದ ಕಾದವರು. ಅವರ ಕೈಯಿಂದ ಇಂಥದ್ದು ಆಗುವುದಿಲ್ಲ."

ನಾನು ಎದ್ದು ನಿಂತೆ. ನಿಂತ ಮೇಲೆ ನನಗೆ ಇಂಗ್ಲಿಷ್ ಮರೆತುಹೋಯಿತು. ಜೇಬಿನಿಂದ ದಬ್ಬಳ ತೆಗೆದು ಎತ್ತಿ ಹಿಡಿದೆ. ಕಾವಲಿನವನು ಎರಡು ಹೆಜ್ಜೆ ಮುಂದೆ ಬಂದ. ಆಮೇಲೆ ಮಾತು ಬಂತು: ತೂತು ನನ್ನದು. ಇದರಿಂದಲೇ ಮಾಡಿದೆ. ಹಾಳೆ ಎಲ್ಲಿತ್ತು ಎಂಬುದು ಈ ನೋಟ್‌ಬುಕ್ಕಿನಲ್ಲಿದೆ: ನೀಲಿ ರಿಬ್ಬನ್, ಹದಿನಾಲ್ಕರಲ್ಲಿ ಒಂಬತ್ತನೆಯದು. ಎಡ್ನಾ ಅವರಿಗೆ ಏನೂ ಗೊತ್ತಿರಲಿಲ್ಲ, ನಾನು ಬಚ್ಚಿಟ್ಟೆ.

"ಚುಚ್ಚಿದವರೇ ಸೇರಿಸಿಯೂ ಇರಬಹುದಲ್ಲ?" ಎಂದ ಆ ಹುಡುಗ. ಅದೂ ನ್ಯಾಯವೇ. ವಿಚಾರಣೆಯ ಅಧ್ಯಕ್ಷರು ಹಾಳೆಯನ್ನು ತಜ್ಞರಿಗೆ ತೋರಿಸಿ ಎಂದು ಆರು ವಾರ ಮುಂದೂಡಿದರು.

ಎಡ್ನಾ ನನ್ನನ್ನು ಮನೆಯ ತನಕ ಕಾರಿನಲ್ಲಿ ತಂದು ಬಿಟ್ಟರು. ನಾನು ಇಳಿದು ಬಾಗಿಲು ಮುಚ್ಚುವಾಗ ರಸ್ತೆ ನೋಡುತ್ತಲೇ ಹೇಳಿದರು: "ಮಂಗಳವಾರ ಹತ್ತಕ್ಕೆ. ಕುರ್ಚಿಗಳ ಧೂಳು ಹೊಡೆಯಬೇಕು. ಕಾಗದ ಮುಟ್ಟುವಂತಿಲ್ಲ."

ಮಂಗಳವಾರ ಹತ್ತಕ್ಕೆ ಐದು ನಿಮಿಷವಿರುವಾಗ ಅಲ್ಲಿದ್ದೆ. ಮೊದಲು ಮಾಡಿದ ಕೆಲಸವೆಂದರೆ ಹಿತ್ತಿಲ ಕಲ್ಲು ಮೆಟ್ಟಿಲಿಗೆ ದಬ್ಬಳದ ಮೊನೆಯನ್ನು ಉಜ್ಜಿ ಮೊಂಡು ಮಾಡಿದ್ದು.

ಆರು ವಾರ ತುಂಬುವ ಮೊದಲೇ ಆ ಕಂಪನಿ ಮುಳುಗಿತು. ಆ ವರ್ಷ ಅಂಥವು ಎಷ್ಟೋ ಮುಳುಗಿದವು. ಅವರ ಚಕ್ರದ ಕುರ್ಚಿಗಳನ್ನು ಸಾಲಾಗಿ ಬೀದಿಬದಿಯಲ್ಲಿ ನಿಲ್ಲಿಸಿದ್ದನ್ನು ಬಸ್ಸಿನಿಂದ ನೋಡಿದೆ. ಅರ್ಜಿಯನ್ನು ಹಿಂತೆಗೆದುಕೊಂಡರು. ತಜ್ಞರ ತನಕ ಹಾಳೆ ಹೋಗಲೇ ಇಲ್ಲ. ಮನೆಯನ್ನು ಹಾಲ್ಕಮ್ ಉಳಿಸಲಿಲ್ಲ, ನಾನಂತೂ ಉಳಿಸಲಿಲ್ಲ. ಐದು ತಿಂಗಳು ಧೂಳು ಹೊಡೆದ ಮೇಲೆ ಒಂದು ದಿನ ಎಡ್ನಾ ನನ್ನ ಮುಂದೆ ಪೆಟ್ಟಿಗೆಯೊಂದನ್ನು ಇಟ್ಟು, ಪಕ್ಕದಲ್ಲಿ ಕಾಗದವನ್ನು ಚುಚ್ಚದೆ ಕಟ್ಟುವ ಬಿಳಿ ಹತ್ತಿಯ ಪಟ್ಟಿ ಇಟ್ಟರು.

ಎಡ್ನಾ ಈಗಿಲ್ಲ. ಹಾಳೆ ಗಾಜಿನ ಪೆಟ್ಟಿಗೆಯಲ್ಲಿದೆ. ಕೆಳಗಿನ ಚೀಟಿ ಅವರದೇ ಕೈಬರಹ: "ಎಡಮೂಲೆಯ ತೂತು ಇತ್ತೀಚಿನದು. ಮಾಡಿದವರೇ ಎದ್ದು ನಿಂತು ಹೇಳಿದ್ದು."

ಮೊಂಡು ದಬ್ಬಳದಿಂದ ಈ ಬೆಳಿಗ್ಗೆ ಗಂಟು ಬಿಡಿಸಲಾಗಲಿಲ್ಲ. ಅದನ್ನು ಡಬ್ಬಿಗೆ ಹಾಕಿ, ಚೀಲವನ್ನು ತೊಡೆಯ ಮೇಲೆ ಇಟ್ಟುಕೊಂಡು, ಉಗುರಿನಿಂದ ಒಂದೊಂದೇ ಎಳೆ ಬಿಡಿಸಿದೆ. ಎಂಟಕ್ಕೆ ಆಗಬೇಕಾಗಿದ್ದ ತಿಂಡಿ ಎಂಟೂಮುಕ್ಕಾಲಿಗೆ ಆಯಿತು. ಸುಧಾ ತಟ್ಟೆ ಹಾಕುತ್ತಿದ್ದಳು.

"ದಾರದ ತಪ್ಪು ತುದಿ ಎಳೆದುಬಿಟ್ಟೆ ಕಣಮ್ಮ," ಎಂದೆ ನಾನೇ ಮೊದಲು.