ಧೂಳಿನ ಮನೆಗೆ ಕೆಂಪು ಬಣ್ಣ

ಅವರ ಬಲಗೈ ತೋರುಬೆರಳಿನ ತುದಿ ನುಣ್ಣಗಿತ್ತು. ಎಲ್ಲರ ಬೆರಳಿಗೂ ಇರುವ ಗೆರೆಗಳು ಅದಕ್ಕಿರಲಿಲ್ಲ. ಹರೆಯದಲ್ಲಿ ಕುಲುಮೆಯ ಬಾಗಿಲಿಗೆ ತಗುಲಿ, ಸುಟ್ಟು, ಮಾಗಿ, ಮೇಣದಂತೆ ಹೊಳೆಯುತ್ತಿದ್ದ ಆ ಬೆರಳನ್ನು ಅವರು ದಿನಾ ಬೆಳಿಗ್ಗೆ ಮನೆಯ ಮುಂದಿನ ಕಿಟಕಿಯ ಹೊರಗಟ್ಟೆಯ ಮೇಲೆ ಈ ತುದಿಯಿಂದ ಆ ತುದಿಗೆ ಒಮ್ಮೆ ಎಳೆಯುತ್ತಿದ್ದರು. ಬೆಳಕಿಗೆ ಹಿಡಿದು ನೋಡುತ್ತಿದ್ದರು. ಬಿಳಿ ಕರವಸ್ತ್ರಕ್ಕೆ ಒರೆಸಿ, ಕರವಸ್ತ್ರವನ್ನೂ ನೋಡಿ, ಮಡಚಿ ಜೇಬಿಗಿಟ್ಟ ಮೇಲೆಯೇ ಅವರ ದಿನ ಶುರುವಾಗುತ್ತಿತ್ತು.

ತೊಂಬತ್ತರ ದಶಕದ ಆರಂಭದಲ್ಲಿ ನಾವು ಲಂಡನ್ನಿನ ಗ್ರೀನ್‌ಫರ್ಡ್‌ಗೆ ಮನೆ ಬದಲಿಸಿದಾಗ, ಮೊದಲ ಬೆಳಿಗ್ಗೆ ಹಾಲಿನ ಬಾಟಲಿಗೆಂದು ಬಾಗಿಲು ತೆರೆದ ನನಗೆ ಪಕ್ಕದ ಮನೆಯ ಮುಂದೆ ಕಂಡದ್ದು ಈ ದೃಶ್ಯ. ನಾನು ಧಾರವಾಡದಲ್ಲಿ ನರ್ಸಿಂಗ್ ಕಲಿತು, ಇಲ್ಲಿನ ಸರಕಾರಿ ಆಸ್ಪತ್ರೆಯಲ್ಲಿ ವಾರ್ಡ್ ಸಿಸ್ಟರ್ ಆಗಿದ್ದವಳು. ನಮ್ಮ ಮೇಟ್ರನ್ ಕೂಡ ಹೀಗೆಯೇ ರೋಗಿಯ ಪಕ್ಕದ ಕಪಾಟಿನ ಮೇಲೆ ಬೆರಳೆಳೆದು ನಮ್ಮ ಮುಖಕ್ಕೆ ಹಿಡಿಯುತ್ತಿದ್ದಳು. ಹಾಗಾಗಿ ನನಗೆ ನಗು ಬರಲಿಲ್ಲ. ಪಾಸಾಯಿತೇ ಎಂದು ಇಂಗ್ಲಿಷಿನಲ್ಲಿ ಕೇಳಿದೆ. ಅವರು ನನ್ನ ಇಂಗ್ಲಿಷಿನ ಒಳಗಿನಿಂದಲೇ ಊರನ್ನು ಹೆಕ್ಕಿ ತೆಗೆದರು.

"ಧಾರವಾಡ ಕಡೆಯವರೇನ್ರಿ? ಪಾಸ್ ಆತ್ರಿ. ನಾ ಮೊದಲ ಇದ್ದ ಊರಾಗ ಈ ಬಟ್ಟು ದಿನಾ ಕರ್ರಗಾಗ್ತಿತ್ತು. ಇಲ್ಲಿ ಬರೇ ಕಾರಿನ ಧೂಳ."

ಅಂದಿನಿಂದ ನಾನು ಅವರಿಗೆ ತಂಗಿ, ಅವರು ನನಗೆ ಅಣ್ಣ, ಅವರ ಹೆಂಡತಿ ವೈನಿ.

ಅಣ್ಣ ಲೋಹಶಾಸ್ತ್ರ ಓದಿದ ಇಂಜಿನಿಯರು. ಇಂಗ್ಲೆಂಡಿನ ಈಶಾನ್ಯದಲ್ಲಿ, ಸಮುದ್ರದ ದಂಡೆಯ ಒಂದು ಉಕ್ಕಿನ ಊರಿನಲ್ಲಿ ಬಹುಕಾಲ ದುಡಿದವರು. ಅಲ್ಲಿನ ಕುಲುಮೆಗಳು ಒಂದೊಂದಾಗಿ ಆರಿದ ಮೇಲೆ ಕಂಪನಿ ಅವರನ್ನು ಲಂಡನ್ನಿನ ಮುಖ್ಯ ಕಚೇರಿಗೆ ಕರೆಸಿಕೊಂಡು, ಮುಚ್ಚಿದ ಕಾರ್ಖಾನೆಗಳನ್ನು ಬಿಚ್ಚಿಸಿ ಮಾರುವ ಕೆಲಸ ಕೊಟ್ಟಿತ್ತು. ಆಗ ಯುರೋಪಿನಲ್ಲಿ ಆ ಕೆಲಸಕ್ಕೆ ಬರವಿರಲಿಲ್ಲ. ಪೂರ್ವದಿಂದ ಅಗ್ಗದ ಉಕ್ಕು ಬರುತ್ತಿತ್ತು. ಹೊಗೆಯ ಕಾನೂನು ಬಿಗಿಯಾಗುತ್ತಿತ್ತು. ಎರಡು ಮೂರು ದೇಶಗಳ ಕಂಪನಿಗಳು ಸೇರಿ ಒಂದಾಗುತ್ತಿದ್ದವು. ಹಾಗೆ ಸೇರಿದಾಗೆಲ್ಲ ಮೊದಲು ಬಾಗಿಲ ಮೇಲಿನ ಹೆಸರು ಬದಲಾಗುತ್ತಿತ್ತು, ಆಮೇಲೆ ಎಲ್ಲೋ ಒಂದು ಊರಿನ ಒಲೆ ಆರುತ್ತಿತ್ತು. ಅಣ್ಣ ಸೂಟ್‌ಕೇಸು ತುಂಬಿಕೊಂಡು ಆ ಊರಿಗೆ ಹೊರಡುತ್ತಿದ್ದರು.

"ಕಟ್ಟೂದು ಕಲತು ಬಂದವರು, ಬಿಚ್ಚಲಿಕ್ಕೆ ಪಗಾರ ತಗೋತಾರ," ಎಂದು ವೈನಿ ನನ್ನ ಮುಂದೆಯೇ ಚುಚ್ಚುತ್ತಿದ್ದರು. "ನಮ್ಮ ಅಡಗಿ ಮನಿ ನಲ್ಲಿ ವರ್ಷದಿಂದ ಸೋರ್ತದ. ಅದೊಂದು ಬಿಚ್ಚಲಿಕ್ಕೆ ಬರೂದಿಲ್ಲ ಇವರಿಗೆ."

"ಅದಕ್ಕೊಬ್ಬ ಗಿರಾಕಿನ್ನ ಹುಡುಕಿ ಕೊಡು, ಇವತ್ತ ಬಿಚ್ಚತೀನಿ," ಎನ್ನುತ್ತಿದ್ದರು ಅಣ್ಣ.

ನನಗೆ ರಜೆಯಿದ್ದ ಭಾನುವಾರಗಳಲ್ಲಿ ಹತ್ತು ಗಂಟೆಗೆ ಅವರ ಮನೆಯಲ್ಲಿ ಫಳಾರ. ಬೇಯಿಸಿ ಬಸಿದ ಶಾವಿಗೆಗೆ ಹಾಲು, ಸಕ್ಕರೆ, ಮೇಲೊಂದು ಚಮಚ ತುಪ್ಪ. ಆ ಶಾವಿಗೆ ನಮ್ಮ ದೇಶದವರ ಪೇಟೆಯಾದ ಸೌತ್‌ಹಾಲ್‌ನ ಅಂಗಡಿಯದಲ್ಲ. ಅಣ್ಣನ ಅಕ್ಕ ಊರಿನಲ್ಲಿ ಹೊಸೆದದ್ದು. ತಾಯಿ ಇಲ್ಲದ ತಮ್ಮನನ್ನು ಬೆಳೆಸಿದ ಆಕೆ ಚಿಕ್ಕ ವಯಸ್ಸಿಗೇ ಗಂಡನನ್ನು ಕಳೆದುಕೊಂಡು ತವರಿಗೆ ಬಂದವರು. ಪ್ರತಿ ಬೇಸಿಗೆಯಲ್ಲಿ ಮಾಳಿಗೆಯ ಮೇಲೆ ಶಾವಿಗೆ ಹರವಿ, ಅದರ ಮೇಲೆ ತೀರಿಹೋದ ತಂದೆಯ ಬಿಳಿ ಧೋತರವೊಂದನ್ನು ಹೊದಿಸುತ್ತಿದ್ದರು. ಬಲು ಮಡಿಯ ಹೆಂಗಸು. ಆ ಧೋತರವನ್ನು ತಾವೇ ಒಗೆದು, ತಾವೇ ಒಣಗಿಸಿ, ಗಳದ ಮೇಲೆ ಎತ್ತರದಲ್ಲಿಡುತ್ತಿದ್ದರು. ಬೇರೆಯವರು ಮುಟ್ಟುವಂತಿರಲಿಲ್ಲ. ವರ್ಷಕ್ಕೊಮ್ಮೆ ಯಾರಾದರೂ ಊರಿನಿಂದ ಬರುವವರ ಕೈಯಲ್ಲಿ ಶಾವಿಗೆ ಲಂಡನ್ನಿಗೆ ಬರುತ್ತಿತ್ತು.

ಇಂಥ ಒಂದು ಭಾನುವಾರ ಅಣ್ಣ ಬೆಲ್ಜಿಯಂನ ಹೆಂಗಸರ ಕತೆ ಹೇಳಿದರು. ಅಲ್ಲಿನ ನದಿ ಕಣಿವೆಯಲ್ಲಿ ಅವರ ಕಂಪನಿಗೆ ಸೇರಿದ್ದ ಒಂದು ಕಾರ್ಖಾನೆಯಲ್ಲಿ ಅದಿರಿನ ಪುಡಿಯನ್ನೂ ಕಲ್ಲಿದ್ದಲಿನ ಪುಡಿಯನ್ನೂ ಬೆರೆಸಿ ಸುಟ್ಟು ಗಟ್ಟಿ ಮಾಡುವ ಘಟಕವಿತ್ತು. ಉಕ್ಕಿನ ಕೆಲಸದಲ್ಲಿ ಎಲ್ಲಕ್ಕಿಂತ ಹೆಚ್ಚು ಧೂಳೆಬ್ಬಿಸುವುದು ಅದೇ. ಊರಿನ ಹೆಂಗಸರು ಒಂದು ದಿನ ಒಣಹಾಕಿದ್ದ ಬಿಳಿ ಚಾದರಗಳು ಕಪ್ಪಾದದ್ದನ್ನು ಕಂಡು, ಅವನ್ನು ಒಗೆಯದೆ ಹಾಗೆಯೇ ತಂದು ಕಾರ್ಖಾನೆಯ ಗೇಟಿಗೆ ಕಟ್ಟಿ ಹೋದರು. ಮಾರನೆಯ ದಿನ ಇನ್ನಷ್ಟು. ಕೂಗಿಲ್ಲ, ಘೋಷಣೆಯಿಲ್ಲ. ಗೇಟಿನ ತುಂಬ ಬರೀ ಕೊಳೆಯಾದ ಚಾದರಗಳು. ಕಡೆಗೆ ಕಂಪನಿ ದೊಡ್ಡ ದೊಡ್ಡ ಬಟ್ಟೆ ಚೀಲಗಳಲ್ಲಿ ಹೊಗೆಯನ್ನು ಸೋಸಿ ಬಿಡುವ ಕಟ್ಟಡವೊಂದನ್ನು ಕಟ್ಟಿತು. ಅಣ್ಣ ಅದನ್ನು ಧೂಳಿನ ಮನೆ ಎನ್ನುತ್ತಿದ್ದರು. ಚಾದರಗಳು ಮತ್ತೆ ಬಿಳಿಯಾದವು. ಕೆಲವೇ ವರ್ಷಗಳಲ್ಲಿ ಕಾರ್ಖಾನೆಯೇ ಮುಚ್ಚಿತು.

ಆ ಘಟಕವನ್ನು ಕೊಳ್ಳಲು ನಮ್ಮ ದೇಶದಿಂದ ಗಿರಾಕಿಗಳು ಬಂದರು. ಅಣ್ಣ ಅವರನ್ನು ಸೌತ್‌ಹಾಲ್‌ಗೆ ಊಟಕ್ಕೆ ಕರೆದೊಯ್ದಾಗ ಅವರಲ್ಲೊಬ್ಬ ಕೇಳಿದನಂತೆ: ನೀವು ಆ ಕಡೆಯವರು, ಇದನ್ನು ಎಲ್ಲಿ ನಿಲ್ಲಿಸಿದರೆ ಒಳ್ಳೆಯದು? ಅಣ್ಣ ಒಂದು ಕ್ಷಣವೂ ಯೋಚಿಸಲಿಲ್ಲ. ತಮ್ಮೂರಿನ ಹೆಸರು ಹೇಳಿದರು. ಅದಿರು ಹತ್ತಿರ, ಹೊಳೆ ಹತ್ತಿರ, ರೈಲೂ ಇದೆ. ಆ ಸಂಜೆ ಅವರು ಬೇಲಿಯಾಚೆಯಿಂದ ನನ್ನನ್ನು ಕರೆದು ಹೇಳಿದ ಸಂಭ್ರಮ ಇನ್ನೂ ಕಿವಿಯಲ್ಲಿದೆ.

"ತಂಗೀ, ಇಷ್ಟ ವರ್ಷ ಮಂದಿ ಊರು ಮುಚ್ಚಿಸಿ ಬಂದೆ. ಈಗೊಂದು ನಮ್ಮೂರಾಗ ತೆರಸ್ತೀನಿ ನೋಡು. ನಮ್ಮ ಹುಡುಗರು ಕೆಲಸಕ್ಕಂತ ಊರು ಬಿಡೂದು ಬ್ಯಾಡ."

ಗುರುತು ಹಾಕಿಸಲು ಅವರು ಬೆಲ್ಜಿಯಂಗೆ ಹೋದರು. ಬಣ್ಣದ ಡಬ್ಬಿ ಹಿಡಿದ ಆಳೊಬ್ಬ ಜೊತೆಗಿರುತ್ತಿದ್ದ. ಹಳದಿ ಹಚ್ಚಿದ್ದು ಹಡಗಿಗೆ, ಕೆಂಪು ಹಚ್ಚಿದ್ದು ಗುಜರಿಗೆ. ಅಣ್ಣ ಬಾಯಲ್ಲಿ ಬಣ್ಣ ಹೇಳಬೇಕು, ಅವನು ಹಚ್ಚಬೇಕು. ಧೂಳಿನ ಮನೆಯ ಮುಂದೆ ಬಂದಾಗ ಗಿರಾಕಿಯ ಕಡೆಯವನು, ಇದು ಬೇಡ ಎಂದ. ಹಡಗಿನ ಬಾಡಿಗೆ ದಂಡ, ನಮ್ಮಲ್ಲಿ ಯಾರೂ ಕೇಳುವುದಿಲ್ಲ, ಮುಂದೆ ಬೇಕಾದರೆ ಹೊಸದು ಹಾಕಿಕೊಳ್ಳುತ್ತೇವೆ ಎಂದ. ಅಣ್ಣ ಅಲ್ಲಿಂದಲೇ ಲಂಡನ್ನಿಗೆ ಫೋನು ಮಾಡಿದರು. ಅವರು ಕೊಂಡದ್ದನ್ನು ನಾವು ಮಾರುತ್ತೇವೆ, ಕೊಳ್ಳದ್ದು ನಮ್ಮ ಚಿಂತೆಯಲ್ಲ, ಈ ಮಾರಾಟ ಮುರಿದರೆ ನಿನ್ನ ವಿಭಾಗವೂ ಉಳಿಯುವುದಿಲ್ಲ ಎಂದರು ಮೇಲಿನವರು. ಅದಕ್ಕಿಂತ ದೊಡ್ಡ ಅಂಜಿಕೆ ಅಣ್ಣನಿಗೆ ಬೇರೆಯೇ ಇತ್ತು. ಮಾರಾಟ ಮುರಿದರೆ ಕಾರ್ಖಾನೆ ತಮ್ಮೂರಿಗೆ ಹೋಗುವುದಿಲ್ಲ. ಬಣ್ಣದವನು ಕುಂಚ ಹಿಡಿದು ಕಾಯುತ್ತಿದ್ದ.

"ಎಲ್ಲಾ ಹಳದಿ ಆತು ತಂಗಿ. ಅದೊಂದಕ್ಕ ಕೆಂಪು ಅಂದೆ," ಎಂದರು, ಹಿಂತಿರುಗಿದ ದಿನ. "ಆಮ್ಯಾಲೆ ಹಾಕ್ತಾರಂತ."

"ಹಾಕ್ತಾರೇನ್ರಿ ಅಣ್ಣಾ?"

"ಹಾಕ್ತಾರಂತ," ಎಂದರು ಮತ್ತೆ, ನನ್ನ ಮುಖ ನೋಡದೆ.

ಊರಿನಲ್ಲಿ ತಳಪಾಯ ಹಾಕುವಾಗ ಅವರು ಹೋಗಿ ಬಂದರು. ಸನ್ಮಾನವಾಯಿತು, ಶಾಲು ಹೊದಿಸಿದರು. ಮಾಳಿಗೆಯ ಮೇಲೆ ಅಕ್ಕ ಶಾವಿಗೆ ಹರವುತ್ತಿದ್ದಾಗ ಪಕ್ಕದಲ್ಲಿ ಕುಳಿತು ಬೆಲ್ಜಿಯಂನ ಹೆಂಗಸರ ಕತೆಯನ್ನು ಆಕೆಗೂ ಹೇಳಿದರಂತೆ. ಆಕೆ ಬಿದ್ದು ಬಿದ್ದು ನಕ್ಕು, "ಹಾಸಿಗಿ ಚಾದರ ಒಯ್ದು ಗೇಟಿಗೆ ಕಟ್ಟಿದ್ರ? ನಾಚಿಕಿಲ್ಲೇನೋ ಆ ಹೆಂಗಸರಿಗೆ!" ಎಂದರಂತೆ.

ಕಾರ್ಖಾನೆ ಹೊಗೆಯಾಡತೊಡಗಿದ ಮರು ಬೇಸಿಗೆಯ ಶಾವಿಗೆ ಬಂತು. ಆ ಭಾನುವಾರ ಮೊದಲ ತುತ್ತಿಗೇ ನನ್ನ ಹಲ್ಲಿಗೆ ಏನೋ ಕರಕರ ಎಂದಿತು. "ಈ ಸರ್ತಿ ಅಕ್ಕಾವ್ರು ಉಸುಕು ಹಾಕಿ ಹೊಸದಾರೇನು?" ಎಂದು ವೈನಿ ನಕ್ಕರು. ಅಣ್ಣ ನಗಲಿಲ್ಲ. ಎದ್ದು ಫ್ರಿಜ್ಜಿನ ಬಾಗಿಲಿಗೆ ಅಂಟಿಸಿದ್ದ ಆಯಸ್ಕಾಂತದ ಬಿಲ್ಲೆಯನ್ನು ಕಿತ್ತುಕೊಂಡು ಬಂದರು. ಡಬ್ಬಿಯ ಒಣ ಶಾವಿಗೆಯನ್ನು ತಟ್ಟೆಗೆ ಸುರಿದು ಅದರ ಮೇಲೆ ಬಿಲ್ಲೆಯನ್ನು ಮೆಲ್ಲಗೆ ಆಡಿಸಿದರು. ಎತ್ತಿದಾಗ ಅದರ ಕೆಳಗೆ ಸಣ್ಣ ಕಪ್ಪು ಕೂದಲು ನಿಂತಂತೆ ಪುಡಿ ನಿಂತಿತ್ತು.

ಅಣ್ಣ ತಮ್ಮ ಬಟ್ಟಲಿನ ಶಾವಿಗೆಯನ್ನು ಕೊನೆಯವರೆಗೂ ತಿಂದರು.

ಮುಂದಿನ ವರ್ಷ ಶಾವಿಗೆ ಬರಲಿಲ್ಲ. ಫೋನಿನಲ್ಲಿ ಕೇಳಿದಾಗ, "ಹರವೂದೆಲ್ಲೆ ಅಪ್ಪಾ?" ಎಂದಷ್ಟೇ ಹೇಳಿ ಅಕ್ಕ ಬೇರೆ ಮಾತು ತೆಗೆದರಂತೆ. ಕೊಂಡವರು ಧೂಳಿನ ಮನೆಯನ್ನು ಹಾಕಲೇ ಇಲ್ಲ. ಊರ ಹುಡುಗರಿಗೆ ಸಿಕ್ಕಿದ್ದು ಗೇಟು ಕಾಯುವ ಕೆಲಸ, ಅದೂ ಗುತ್ತಿಗೆಯಲ್ಲಿ. ಕೊಂಡವರಿಗೆ ಅಣ್ಣ ಎಷ್ಟು ಸಲ ಫೋನು ಮಾಡಿದರೋ. ಮೊದಮೊದಲು ಮುಂದಿನ ವರ್ಷ ಎನ್ನುತ್ತಿದ್ದರು, ಆಮೇಲೆ ಫೋನು ಎತ್ತುವುದನ್ನೇ ಬಿಟ್ಟರು.

ಅಣ್ಣ ನಿವೃತ್ತರಾದ ಮೇಲೆ ಒಂದು ದಿನ ಊರಿನಿಂದ ಬಂದವರೊಬ್ಬರು ಅಕ್ಕ ಕೊಟ್ಟ ಗಂಟೊಂದನ್ನು ತಲುಪಿಸಿದರು. ಶಾವಿಗೆ ಇರಬೇಕೆಂದು ವೈನಿ ನನ್ನನ್ನೂ ಕೂಗಿ ಕರೆದರು. ಬಿಚ್ಚಿದರೆ ಒಳಗಿದ್ದದ್ದು ತಂದೆಯ ಧೋತರ. ಒಗೆದಿರಲಿಲ್ಲ. ಬಿಳಿಯ ಗುರುತು ಮಡಿಕೆಗಳ ಒಳಗೆ ಮಾತ್ರ ಉಳಿದಿತ್ತು. ಮಿಕ್ಕದ್ದೆಲ್ಲ ಕೆಂಪು ಬೆರೆತ ಬೂದಿ ಬಣ್ಣ. ಚೀಟಿಯಿಲ್ಲ, ಮಾತಿಲ್ಲ. ಬೇರೆಯವರ ನೆರಳು ಬಿದ್ದರೂ ಮತ್ತೆ ಒಗೆಯುತ್ತಿದ್ದ ಆ ಮಡಿ ಹೆಂಗಸು ಅದನ್ನು ಹಾಗೆಯೇ ಸುತ್ತಿ ಕಳಿಸಿದ್ದರು.

ವೈನಿ ಅದನ್ನು ಒಗೆಯಲು ಎತ್ತಿಕೊಂಡರು.

"ಇಡು ಅದನ್ನ," ಎಂದರು ಅಣ್ಣ. ಅವರ ದನಿ ಅಷ್ಟು ಗಡುಸಾದದ್ದನ್ನು ನಾನು ಅದಕ್ಕೆ ಮೊದಲು ಕೇಳಿರಲಿಲ್ಲ. "ಆಕಿ ಗೇಟಿಗೆ ಕಟ್ಯಾಳ. ನಾನಽ ಆ ಗೇಟು."

ಮರುದಿನ ಅವರು ಸೂಟು ಹಾಕಿಕೊಂಡು, ಧೋತರವನ್ನು ಚೀಲದಲ್ಲಿಟ್ಟು, ಟ್ಯೂಬ್ ರೈಲು ಹತ್ತಿ ಹಳೆಯ ಕಚೇರಿಗೆ ಹೋದರು. ಅಲ್ಲಿ ಅವರನ್ನು ಬಲ್ಲವರು ಯಾರೂ ಉಳಿದಿರಲಿಲ್ಲ. ಒಬ್ಬ ತರುಣ ಅಧಿಕಾರಿ ಚಹಾ ಕೊಟ್ಟು, ತಾಳ್ಮೆಯಿಂದ ಎಲ್ಲ ಕೇಳಿ, ಆ ಘಟಕ ಈಗ ನಮ್ಮದಲ್ಲವಲ್ಲ ಎಂದನಂತೆ. ಹೊರಡುವಾಗ ಆ ವರ್ಷದ ವರದಿಯ ಪುಸ್ತಕ ಕೈಗಿಟ್ಟ. ಅದರ ಮುಖಪುಟದ ಮೇಲೆ ಬೆಲ್ಜಿಯಂನ ಅದೇ ಜಾಗದ ಚಿತ್ರ. ಹಸಿರು ಹುಲ್ಲು, ಹಳದಿ ಹೂವು, ಸೈಕಲ್ ಮೇಲೆ ಒಂದು ಮಗು. ಕಂಪನಿಯ ಹೊಗೆ ಬಹಳ ಇಳಿದಿದೆ ಎಂದು ಕೆಳಗೆ ಬರೆದಿತ್ತು.

"ಸುಳ್ಳು ಬರದಿಲ್ಲ ತಂಗಿ. ಖರೇನ ಇಳದದ," ಎಂದರು ಅಣ್ಣ, ಪುಸ್ತಕವನ್ನು ನನ್ನ ಮುಂದಿಟ್ಟು. "ಆ ಹುಡುಗ ಧೋತರ ಮುಟ್ಟಿ ನೋಡಿದ. ನೋಡಿ, ಕೈ ತೊಳಕೊಂಡು ಬರ್ತೀನಿ ಅಂತ ಎದ್ದು ಹೋದ. ನಾ ಕೈ ಎಲ್ಲೆ ತೊಳಕೊಳ್ಳಿ?"

ಕೆಲವು ವರ್ಷಗಳಲ್ಲಿ ಉಕ್ಕಿನ ಬೆಲೆ ಏರಿತು. ಅವಸರದಲ್ಲಿ ಮುಚ್ಚಿದ ಕಾರ್ಖಾನೆಗಳಿಗಾಗಿ ಮುಚ್ಚಿದವರೇ ಕೈ ಕೈ ಹಿಸುಕಿಕೊಂಡರು. ನಮ್ಮ ದೇಶದ ಹಣವಂತರು ಯುರೋಪಿನ ಉಕ್ಕಿನ ಕಂಪನಿ ಕೊಂಡ ಸುದ್ದಿ ಬಂದಾಗ ಸೌತ್‌ಹಾಲ್‌ನ ಮಿಠಾಯಿ ಅಂಗಡಿಯಾತ ಬಂದವರಿಗೆಲ್ಲ ಪೇಢೆ ಕೊಡುತ್ತಿದ್ದ. "ಅಂಕಲ್‌ಜೀ, ಈಗ ನಾವೇ ಮಾಲೀಕರು!" ಎಂದು ಅಣ್ಣನ ಕೈಗೂ ಒಂದನ್ನಿಟ್ಟ. ಅಣ್ಣ ಅದನ್ನು ಮೆಲ್ಲಗೆ ತಟ್ಟೆಗೆ ಮರಳಿ ಇಟ್ಟು ಹೊರಗೆ ಬಂದರು. ಕಿಟಕಿಗಟ್ಟೆಯ ಮೇಲೆ ಬೆರಳೆಳೆಯುವುದನ್ನು ಅವರು ಅಷ್ಟರಲ್ಲಾಗಲೇ ನಿಲ್ಲಿಸಿದ್ದರು.

ನಾನು ಅವರಿಂದ ಕಲಿತದ್ದು ಒಂದೇ. ಆಸ್ಪತ್ರೆಯಲ್ಲಿ ನನ್ನ ವಾರ್ಡು ಕನ್ನಡಿಯಂತಿದೆ ಎಂದು ಹೊಗಳಿಸಿಕೊಂಡವಳು ನಾನು. ಅಲ್ಲಿಂದ ದಿನಾ ಹೊರಬೀಳುತ್ತಿದ್ದ ಕಸದ ಹಳದಿ ಚೀಲಗಳನ್ನು ಎಲ್ಲಿ ಸುಡುತ್ತಾರೆ, ಅದರ ಪಕ್ಕದಲ್ಲಿ ಯಾರ ಮನೆಯಿದೆ ಎಂದು ಕೇಳಲು ಕಲಿತದ್ದು ಆ ಧೋತರ ಕಂಡ ಮೇಲೆ. ಕೇಳಿದ್ದಕ್ಕೆ ಯಾರಿಗೂ ನಾನು ಬೇಕಾದವಳಾಗಲಿಲ್ಲ. ಆದರೂ ನಿವೃತ್ತಳಾಗುವವರೆಗೆ ಬಿಡದೆ ಕೇಳಿದೆ.

ಒಂದು ಚಳಿಗಾಲದಲ್ಲಿ ಅಣ್ಣ ಪಾರ್ಶ್ವವಾಯುವಿನಿಂದ ತೀರಿಕೊಂಡರು. ಅಂತ್ಯಕ್ರಿಯೆ ನಡೆಸಿಕೊಡುವ ಇಂಗ್ಲಿಷ್ ಮನುಷ್ಯ ಬಹಳ ವಿನಯದಿಂದ ನಿಯಮ ಹೇಳಿದ. ದೇಹದ ಜೊತೆಗೇ ಸುಡುವ ಪೆಟ್ಟಿಗೆಯಲ್ಲಿ ಬೂಟು ಬೇಡ, ಪ್ಲಾಸ್ಟಿಕ್ ಬೇಡ, ತೆಂಗಿನಕಾಯಿ ಬೇಡ. ಚಿಮಣಿಯ ಹೊಗೆಗೆ ಕಾನೂನಿದೆ, ಅದನ್ನು ಸೋಸಿಯೇ ಬಿಡಬೇಕು. ವೈನಿ ತಲೆಯೆತ್ತಿ ಅವನನ್ನು ನೋಡಿದರು. ಆಮೇಲೆ ನನ್ನನ್ನು ನೋಡಿದರು.

"ಕೇಳಿದ್ರೇನ್ರಿ?" ಎಂದರು. "ಒಬ್ಬ ಸತ್ತ ಮನಷ್ಯಾನ ಹೊಗಿ ಸೋಸ್ತಾರಂತ ಇಲ್ಲೆ."

ಚೀಲದಿಂದ ಧೋತರ ತೆಗೆದು, ಇದನ್ನು ಹೊದಿಸಬೇಕು ಎಂದರು. ಆ ಮನುಷ್ಯ ಅದರ ಬಣ್ಣ ನೋಡಿ, ಬೇಕಾದರೆ ನಾವೇ ಒಗೆಸಿ ಕೊಡುತ್ತೇವೆ ಎಂದ. ಬೇಡ ಎಂದರು ವೈನಿ, ಇದು ಅವರ ಅಕ್ಕ ಹೀಗೇ ಕಳಿಸಿದ್ದು. ಹತ್ತಿಬಟ್ಟೆಯಾದರೆ ಅಡ್ಡಿಯಿಲ್ಲ ಎಂದ ಅವನು.

ಊರಿಗೆ ಫೋನು ಮಾಡುವ ಕೆಲಸ ನನ್ನ ಪಾಲಿಗೆ ಬಂತು. ಅಕ್ಕ ಅಳಲಿಲ್ಲ. ಒಣಕೆಮ್ಮೊಂದು ಕೇಳಿಸಿತು.

"ಧೋತರ ಏನ್ ಮಾಡಿದ್ರಿ?"

"ಅವರ ಮೈಮ್ಯಾಲೆ ಹೊಚ್ಚಿದ್ವಿ ಅಕ್ಕಾ."

"ಒಗದು ಹೊಚ್ಚಿದ್ರೋ?"

"ಇಲ್ರಿ."

ಆಕೆ ಮತ್ತೊಮ್ಮೆ ಕೆಮ್ಮಿದರು. ಕೆಮ್ಮು ನಿಂತ ಮೇಲೆ ಹೇಳಿದರು: "ಹಂಗಾದ್ರ ಛಲೋ ಆತ್ ಬಿಡ್ರಿ."