ಕೃಷ್ಣಾಬಾಯಿಯ ಹತ್ತನೆಯ ಪ್ರಶ್ನೆ

ಲಿಂಗಂಪಲ್ಲಿಯ ಆ ಹೆರಿಗೆ ಆಸ್ಪತ್ರೆಯಲ್ಲಿ ಕೃಷ್ಣಾಬಾಯಿಯ ಬಾಯಿಗೆ ಹೆದರದವರಿರಲಿಲ್ಲ. ಕೂಸಿಗೆ ಕುಲಾವಿ ಹಾಕದೆ ಎತ್ತಿಕೊಂಡು ಬಂದ ಗಂಡಸರನ್ನು ಆಕೆ ತರಾಟೆಗೆ ತೆಗೆದುಕೊಳ್ಳುವುದನ್ನು ನೋಡಿದರೆ, ಅವರು ಹೈಟೆಕ್ ಸಿಟಿಯಲ್ಲಿ ಹತ್ತಾರು ಜನರ ಮೇಲೆ ಮ್ಯಾನೇಜರುಗಳೆಂದು ಯಾರೂ ನಂಬುತ್ತಿರಲಿಲ್ಲ. ಬೀದರ್ ಕಡೆಯ ಹೆಂಗಸು. ಸರಕಾರಿ ನೌಕರಿಯಲ್ಲಿದ್ದ ಗಂಡ ತೀರಿಹೋದ ಮೇಲೆ ಇಲ್ಲಿ ಆಯಾ ಆಗಿ ಸೇರಿದ್ದಳು. ಊರ ಸುತ್ತ ಕಂಪನಿಗಳು ಎದ್ದು, ಕನ್ನಡದ ಹುಡುಗರು ಹೆಂಡಿರನ್ನು ಕರೆತಂದು ಫ್ಲ್ಯಾಟುಗಳಲ್ಲಿ ಕೂರಿಸತೊಡಗಿದ ಮೇಲಂತೂ ಆಕೆಯನ್ನು ಹಿಡಿಯುವವರೇ ಇಲ್ಲ. ತೆಲುಗು ಬಾರದ ಬಾಣಂತಿಯರಿಗೆಲ್ಲ ಆಕೆ ಮೌಶಿ, ತಾಯಿಯ ತಂಗಿ ಇದ್ದ ಹಾಗೆ.

ಅಲ್ಲಿನ ಶಾಮಲಾ ಡಾಕ್ಟರು ತೆಲುಗಿನವರು. ಅವರೊಂದು ಹೊಸ ಪದ್ಧತಿ ತಂದಿದ್ದರು. ಕೂಸಿಗೆ ಸೂಜಿ ಹಾಕಿಸಲು ಬಂದ ತಾಯಿಗೆ ಹತ್ತು ಪ್ರಶ್ನೆ ಕೇಳಬೇಕು: ನಗು ಬರುತ್ತದೆಯೇ, ಕಾರಣವಿಲ್ಲದೆ ಹೆದರಿಕೆಯಾಗುತ್ತದೆಯೇ, ಸುಮ್ಮಸುಮ್ಮನೆ ಅಳು ಬರುತ್ತದೆಯೇ, ಹೀಗೆ. ಕಾಗದ ಕೈಗೆ ಕೊಟ್ಟರೆ ಹುಡುಗಿಯರು ಗಂಡನ ಮುಖ ನೋಡಿ ಎಲ್ಲ ಚೆನ್ನಾಗಿದೆ ಎಂದು ಗುರುತು ಹಾಕಿಬಿಡುತ್ತಿದ್ದರು. ಅದಕ್ಕೇ ಗಂಡನನ್ನು ಹೊರಗೆ ಕೂರಿಸಿ, ಕನ್ನಡದವರನ್ನು ಕನ್ನಡದಲ್ಲೇ ಕೇಳುವ ಕೆಲಸ ಕೃಷ್ಣಾಬಾಯಿಗೆ ಬಂತು. ಕೊನೆಯದಕ್ಕೆ ಯಾರಾದರೂ ಹೌದು ಅಂದರೆ ಅವಳನ್ನು ಒಬ್ಬಳನ್ನೇ ಬಿಡಬೇಡ, ಆ ಕ್ಷಣವೇ ನನ್ನನ್ನು ಕರೆ ಎಂದು ಡಾಕ್ಟರು ಒತ್ತಿ ಒತ್ತಿ ಹೇಳಿದ್ದರು.

ಆ ಕೊನೆಯದೇ ಆಕೆಗೆ ಗಂಟಲಲ್ಲಿ ಸಿಕ್ಕಿದ ಮುಳ್ಳು. ಜೀವಕ್ಕೆ ಏನಾದರೂ ಮಾಡಿಕೊಳ್ಳಬೇಕು ಅನ್ನಿಸುತ್ತದೆಯೇ ಅಂತ ಹಸಿ ಬಾಣಂತಿಯನ್ನು ಕೇಳುವುದೇ! ಅಸ್ತು ದೇವತೆಗಳ ಕಿವಿಗೆ ಬಿದ್ದು ಆಡಿದ್ದೇ ಆಗಿಬಿಟ್ಟರೆ? ಆಕೆ ಅದನ್ನು ಗೊಣಗಿ, ಉತ್ತರವನ್ನೂ ತಾನೇ ಹೇಳಿ ಮುಗಿಸುತ್ತಿದ್ದಳು.

ಒಂದು ಬೆಳಿಗ್ಗೆ ಶುಭಾ ಬಂದಳು. ಜಮಖಂಡಿ ಕಡೆಯ ಹುಡುಗಿ, ಚೊಚ್ಚಲ ಹೆರಿಗೆ. ಆರೈಕೆಗೆ ಬಂದಿದ್ದ ತಾಯಿ ಊರಿಗೆ ಹೋಗಿಯಾಗಿತ್ತು. ಗಂಡ ವಿಶ್ವಜಿತ್ ಹೊರಗೆ ಫೋನಿನಲ್ಲಿ ಆಫೀಸಿನ ಮಾತಾಡುತ್ತಿದ್ದ. ಒಂಬತ್ತು ಪ್ರಶ್ನೆಗೂ ಅವಳು ತಲೆ ತಗ್ಗಿಸಿಯೇ ಉತ್ತರ ಕೊಟ್ಟಳು.

“ಜೀವದ ಮ್ಯಾಲೆ ಬ್ಯಾಸರ ಗೀಸರ ಏನಿಲ್ಲಲ್ಲವ್ವಾ?” ಅಂದಳು ಕೃಷ್ಣಾಬಾಯಿ.

ಶುಭಾ ತಲೆ ಎತ್ತಿದಳು. “ಐತ್ರಿ ಮೌಶಿ. ಸತ್ತು ಹೋದ್ರ ಸಾಕು ಅನಸಾಕತ್ತೈತಿ. ದಿನಾ.”

“ಬಿಡ್ತು ಅನ್ನು!” ಕೃಷ್ಣಾಬಾಯಿ ಅವಳ ಬಾಯಿಗೆ ಕೈ ಅಡ್ಡ ಹಿಡಿದಳು. “ಕೂಸಿನ್ನ ತೊಡಿ ಮ್ಯಾಲೆ ಇಟಗೊಂಡು ಎಂಥಾ ಮಾತ ಆಡ್ತೀಯವ್ವಾ! ಬಿಡ್ತು ಅನ್ನು ಮೊದ್ಲ.”

“ಬಿಡ್ತು,” ಅಂದಳು ಶುಭಾ.

ಮುಗಿಯಿತು. ಬಿಡ್ತು ಅಂದ ಮೇಲೆ ಆಡಿದ ಮಾತು ಆಡಿದಂತಲ್ಲ. ಆಡದ ಮಾತನ್ನು ಬರೆಯುವುದು ಹೇಗೆ? ಕೃಷ್ಣಾಬಾಯಿ ‘ಇಲ್ಲ’ದ ಎದುರು ಗುರುತು ಹಾಕಿದಳು. ಡಾಕ್ಟರು ಕೊನೆಯ ಗುರುತು ನೋಡಿ, ನಿದ್ದೆಗೆಟ್ಟಿದ್ದಾಳೆ ಪಾಪ ಎಂದು ಟಾನಿಕ್ ಬರೆದು, ವಾರ ಬಿಟ್ಟು ಬಾ ಎಂದರು.

ಮಧ್ಯಾಹ್ನ ಊಟಕ್ಕೆ ಕೂತ ಕೃಷ್ಣಾಬಾಯಿ ತೆರೆದ ಡಬ್ಬಿಯನ್ನು ಹಾಗೇ ಮುಚ್ಚಿಟ್ಟಳು. ಆ ಹುಡುಗಿ ಬಿಡ್ತು ಅಂದದ್ದು ತಪ್ಪಿಗೆ ನಾಲಿಗೆ ಕಚ್ಚಿಕೊಂಡವರ ಹಾಗಿರಲಿಲ್ಲ. ಹೇಳಿ ನೋಡಿದೆ, ಆಯಿತು ಬಿಡು, ಅನ್ನುವ ಹಾಗಿತ್ತು. ಡಾಕ್ಟರಿಗೆ ಹೇಳಿಬಿಡಲೇ? ಹೇಳಿದರೆ ಬಿಟ್ಟ ಮಾತಿಗೆ ತಾನೇ ಜೀವ ಕೊಟ್ಟಂತಾಗುವುದಿಲ್ಲವೇ? ನೌಕರಿಯ ಭಯವೂ ಇತ್ತು, ಸುಳ್ಳೇಕೆ. ಎರಡು ಸಲ ಡಾಕ್ಟರ ಬಾಗಿಲ ತನಕ ಹೋಗಿ ವಾಪಸು ಬಂದಳು. ಮೂರನೆಯ ಸಲ ಒಳಗೆ ಹೋಗಿ, “ಆ ಹುಡುಗಿ ಹೌದು ಅಂದಿದ್ದಳು” ಎಂದು ತೆಲುಗಿನಲ್ಲಿ ಹೇಳಿಯೇಬಿಟ್ಟಳು.

ಡಾಕ್ಟರು ಬಯ್ಯಲಿಲ್ಲ. ಅವರ ಮುಖ ಬಿಳಿಚಿಕೊಂಡಿದ್ದು ನೋಡಿ ಕೃಷ್ಣಾಬಾಯಿಗೆ ಬೈಗುಳವೇ ವಾಸಿ ಅನ್ನಿಸಿತು. ಶುಭಾಳ ಮನೆಗೆ ಹಚ್ಚಿದ ಫೋನನ್ನು ಯಾರೂ ಎತ್ತಲಿಲ್ಲ. ವಿಶ್ವಜಿತ್ ಆಫೀಸಿನಲ್ಲಿ ಸಿಕ್ಕ.

“ಆರಾಮ ಅದಾಳ್ರಿ ಮೌಶಿ,” ಅಂದ. “ದವಾಖಾನಿಂದ ಬಂದ್ಮ್ಯಾಲೆ ಭಾಳ ಸಮಾಧಾನ ಆಗ್ಯಾಳ. ನಕ್ಕಳು ಸೈತ. ಕೂಸಿನ್ನ ಬಾಜೂ ಮನಿಯವರ ಕಡೆ ಕೊಟ್ಟು ಮಲಕೋತೀನಿ, ನೀವು ಆಫೀಸಿಗೆ ಹೋಗ್ರಿ ಅಂದ್ಳು.”

“ಹಾಳಾಗಲಿ ನಿಮ್ಮ ಆಫೀಸು! ಮನಿಗೆ ಓಡ್ರಿ!” ಎಂದು ಕಿರುಚಿ ಕೃಷ್ಣಾಬಾಯಿ ಫೋನು ಇಟ್ಟಳು.

ಡಾಕ್ಟರೂ ಆಕೆಯೂ ಆಟೋ ಹತ್ತಿದರು. ಮನೆ ಹತ್ತಿರವೇ ಇತ್ತು, ಆದರೆ ಆಟೋ ತೆವಳುತ್ತಿದೆ ಅನ್ನಿಸಿತು. ಆರನೆಯ ಮಹಡಿ. ಪಕ್ಕದ ಮನೆಯಲ್ಲಿ ಕೂಸು ಒಂದೇ ಸಮನೆ ಅಳುತ್ತಿತ್ತು. ಶುಭಾಳ ಬಾಗಿಲು ಒಳಗಿನಿಂದ ಹಾಕಿತ್ತು. ಡಾಕ್ಟರು ಬೆಲ್ ಒತ್ತಿದರು, ಬಾಗಿಲು ತಟ್ಟಿದರು, ಉತ್ತರವಿಲ್ಲ. ಕೃಷ್ಣಾಬಾಯಿ ಎರಡೂ ಕೈಯಿಂದ ಬಾಗಿಲು ಬಡಿಯತೊಡಗಿದಳು.

“ಶುಭಾ! ಏನ್ ಅನ್ನೋದೈತಿ ಅನ್ನವ್ವಾ! ಎಂಥಾ ಕೆಟ್ಟ ಮಾತಿದ್ರೂ ಅನ್ನು, ನಾ ಬಾಯಿ ಮುಚ್ಚಸೂದಿಲ್ಲ. ಕೂತು ಕೇಳ್ತೀನಿ. ನನ್ನವ್ವಾ, ಒಂದ ಸಲ ಮಾತಾಡು!”

ಡಾಕ್ಟರು ವಾಚ್‌ಮನ್‌ನನ್ನು ಕೂಗುತ್ತ ಮೆಟ್ಟಿಲಿಳಿದರು. ಕೃಷ್ಣಾಬಾಯಿಯ ಅಂಗೈ ಉರಿಯುತ್ತಿತ್ತು, ಬಡಿಯುವುದನ್ನು ಬಿಡಲಿಲ್ಲ. ಕೊನೆಗೆ ಚಿಲಕ ಸರಿಯಿತು.

ಶುಭಾ ನಿಂತಿದ್ದಳು. ಅವಳ ಹಿಂದೆ ಬಾಲ್ಕನಿಯ ಬಾಗಿಲು ಹಾರುಹೊಡೆದಿತ್ತು. ಮುಖದಲ್ಲಿ ಸಿಟ್ಟಿರಲಿಲ್ಲ, ಅಳುವೂ ಇರಲಿಲ್ಲ.

“ಮುಂಜಾನೆನ ಹೇಳಿದ್ದೆನಲ್ರಿ ಮೌಶಿ,” ಅಂದಳು.